ನನ್ನ ಪಾಳಿ ಇನ್ನೂ ಬಂದಿಲ್ಲ

ಕೃಷ್ಣಾ ನದಿಯ ದಂಡೆಯಲ್ಲಿ ಕಂಚಿನಾಳವೆಂಬ ಸಣ್ಣ ಊರು. ಊರಿನ ಕೆಳಗೆ, ಹರಿಗೋಲು ನಿಲ್ಲುವ ಜಾಗದಿಂದ ಕೂಗಿದರೆ ಕೇಳುವಷ್ಟು ದೂರದಲ್ಲಿ, ಜೋಳದ ದಂಟಿನ ತಟ್ಟಿ ಕಟ್ಟಿದ ಒಂದು ಗುಡಿಸಲಿತ್ತು. ಪೂಜ್ಯ ನಿಂಬೆವ್ವ ತಾಯಿಯವರು ತಮ್ಮ ಆಯುಷ್ಯದ ಕೊನೆಯ ಇಪ್ಪತ್ತಾರು ವರ್ಷಗಳನ್ನು ಕಳೆದದ್ದು ಅದರಲ್ಲಿಯೇ. ಅವರಿಗೆ ಮಠವಿರಲಿಲ್ಲ, ಪಲ್ಲಕ್ಕಿಯಿರಲಿಲ್ಲ, ಹೆಸರಿನ ಹಿಂದೆ ಮುಂದೆ ಬಿರುದುಗಳಿರಲಿಲ್ಲ. ನೇಕಾರರ ಮನೆಯಲ್ಲಿ ಹುಟ್ಟಿ, ಹದಿನೆಂಟನೆಯ ವಯಸ್ಸಿಗೆ ಗಂಡನನ್ನು ಕಳೆದುಕೊಂಡು, ಬಹಳ ವರ್ಷ ಎಲ್ಲೆಲ್ಲೋ ಸಂಚರಿಸಿ ಈ ದಂಡೆಗೆ ಬಂದು ನಿಂತವರು. ಬೆಳಗಿನ ಧ್ಯಾನ ಮುಗಿಯುತ್ತಲೇ ಹಳೆಯ ಬಟ್ಟೆಯ ಚೂರುಗಳನ್ನು ಸುತ್ತ ಹರಡಿಕೊಂಡು ಕೌದಿ ಹೊಲಿಯಲು ಕೂಡುತ್ತಿದ್ದರು. ಗೌಡರ ಮನೆಯ ಹರಿದ ಧೋತರವೂ ಕೇರಿಯವರ ಹರಿದ ಸೀರೆಯೂ ಒಂದೇ ಕೌದಿಯಲ್ಲಿ ಸೇರುತ್ತಿದ್ದವು. ಅದನ್ನು ಯಾರಾದರೂ ಆಕ್ಷೇಪಿಸಿದರೆ ತಾಯಿಯವರು ಉತ್ತರ ಕೊಡುತ್ತಿರಲಿಲ್ಲ. ಕಣ್ಣು ಮಂದವಾಗಿದೆ, ಸೂಜಿಗೆ ಒಂದಿಷ್ಟು ದಾರ ಪೋಣಿಸಿಕೊಡಿ ಎಂದು ಆಕ್ಷೇಪಿಸಿದವರನ್ನೇ ಕೇಳುತ್ತಿದ್ದರು.

ದೇಶಕ್ಕೆ ಸ್ವಾತಂತ್ರ್ಯ ಬಂದು ಮೂರು ವರ್ಷಗಳಾಗಿದ್ದವು. ಆ ವರ್ಷದ ದಸರೆ ಮುಗಿದ ವಾರದಲ್ಲಿ ಈ ಗುಡಿಸಲಿಗೆ ಯಲಗೂರದಪ್ಪನೆಂಬವನು ಬಂದನು. ವಯಸ್ಸು ನಲವತ್ತರ ಹತ್ತಿರ, ಕಟ್ಟುಮಸ್ತಾದ ಮೈ, ಹೆಗಲಿಗೊಂದು ಜೋಳಿಗೆ. ಬಹಳ ದಿನಗಳಿಂದ ಹೊಟ್ಟೆನೋವು, ತಾಯಿಯ ಸೇವೆ ಮಾಡಿದರೆ ಗುಣವಾದೀತೆಂದು ಬಂದಿದ್ದೇನೆ ಎಂದು ಹೇಳಿಕೊಂಡನು. ನಿಜವಾಗಿ ಅವನು ಪೊಲೀಸ್ ಜಮಾದಾರ. ಹತ್ತೊಂಬತ್ತು ವರ್ಷ ಸೇವೆ ಮಾಡಿದವನು. ತಾಯಿಯವರ ಬೆನ್ನ ಹಿಂದೆ ಯಾರಿದ್ದಾರೆ ಎಂಬುದನ್ನು ಪತ್ತೆ ಹಚ್ಚಲು ವೇಷ ಮರೆಸಿ ಬಂದಿದ್ದನು. ಈ ಪ್ರಸಂಗವನ್ನು ಯಲಗೂರದಪ್ಪನವರ ಬಾಯಿಂದಲೇ, ಅವರ ವೃದ್ಧಾಪ್ಯದಲ್ಲಿ, ನಾನು ಕಂಚಿನಾಳದ ಶಾಲೆಯಲ್ಲಿ ಮಾಸ್ತರನಾಗಿದ್ದಾಗ ಕೇಳಿದ್ದೇನೆ. ಆಗಿನ ತನಗೆ ಬಹುವಚನ ಹಚ್ಚಬಾರದೆಂದು ಅವರು ಕಟ್ಟುನಿಟ್ಟಾಗಿ ಹೇಳಿದ್ದರಿಂದ ಏಕವಚನದಲ್ಲಿಯೇ ಬರೆಯುತ್ತಿದ್ದೇನೆ.

ಸರಕಾರಕ್ಕೆ ಒಬ್ಬ ಮುದುಕಿಯ ಮೇಲೆ ಸಂಶಯವೇಕೆ ಬಂತು ಎಂಬುದನ್ನು ಮೊದಲು ಹೇಳಬೇಕು.

ಹೊಳೆಯ ಆಚೆ ಪೇಟೆ. ಸಂತೆ, ದವಾಖಾನೆ, ಕಚೇರಿ ಎಲ್ಲವೂ ಅಲ್ಲಿಯೇ. ಈಚೆಯ ಹತ್ತು ಹಳ್ಳಿಗಳ ಜನಕ್ಕೆ ದಾಟಲು ಇದ್ದದ್ದು ಗುತ್ತಿಗೆದಾರ ಚನಮಲ್ಲಪ್ಪನ ಹರಿಗೋಲು. ಕಾಗದದಲ್ಲಿ ಹರಿಗೋಲು ಎಲ್ಲರದೂ ಆಗಿತ್ತು. ದಂಡೆಯ ರೂಢಿ ಬೇರೆ ಇತ್ತು. ಕೇರಿಯ ಜನ ಎಷ್ಟು ಮುಂಚೆ ಬಂದರೂ ದೂರದ ಜಾಲಿಗಿಡದ ಕೆಳಗೆ ನಿಲ್ಲಬೇಕು. ಉಳಿದವರೆಲ್ಲ ದಾಟಿ, ಅವರ ಚೀಲ, ಕೋಳಿಬುಟ್ಟಿ, ಆಡುಗಳೂ ದಾಟಿದ ಮೇಲೆ ಹೊತ್ತು ಉಳಿದಿದ್ದರೆ ಅವರನ್ನು ಕರೆಯುತ್ತಿದ್ದರು. ಹರಿಗೋಲಿಗೆ ಹೊದಿಸಿದ ತೊಗಲನ್ನು ಹದ ಮಾಡಿ ಹೊಲಿಯುತ್ತಿದ್ದವರು ಅದೇ ಕೇರಿಯವರು ಎಂಬುದು ಯಾರಿಗೂ ಸೋಜಿಗವೆನಿಸುತ್ತಿರಲಿಲ್ಲ.

ಭಾದ್ರಪದದ ಒಂದು ಸಂತೆಯ ದಿನ. ಕೇರಿಯ ದುರಗವ್ವನವರು ಹೆರಿಗೆ ನೋವಿನಲ್ಲಿದ್ದ ಸೊಸೆಯನ್ನು ಹೊರಸಿನ ಮೇಲೆ ಹೊರಿಸಿಕೊಂಡು ಎಲ್ಲರಿಗಿಂತ ಮುಂಚೆ ದಂಡೆಗೆ ಬಂದರು. ದವಾಖಾನೆಗೆ ಹೋಗಬೇಕಿತ್ತು. ಜಾಲಿಗಿಡದ ಕೆಳಗೆ ಹೊರಸು ಇಳಿಸಿ ಕಾದರು. ಮೊದಲ ಸುತ್ತು ಹೋಯಿತು, ಎರಡನೆಯದು ಹೋಯಿತು, ಮೂರನೆಯದೂ ಹೋಯಿತು. ಬಿಸಿಲು ಏರುವ ಹೊತ್ತಿಗೆ ಸೊಸೆಯ ಕೂಗು ನಿಂತಿತು. ಅವಳೂ ಹೋದಳು, ಹೊಟ್ಟೆಯ ಕೂಸೂ ಹೋಯಿತು.

ಆ ದಿನದ ಮೊದಲ ಸುತ್ತಿನಲ್ಲಿ ದಾಟಿದವರಲ್ಲಿ ನಿಂಬೆವ್ವ ತಾಯಿಯವರೂ ಒಬ್ಬರು. ಜನ ಭಕ್ತಿಯಿಂದ ಅವರನ್ನು ಮುಂದೆ ಕರೆದು ಕೂಡಿಸಿದ್ದರು. ಅವರು ಕಣ್ಣು ಮುಚ್ಚಿ ನಾಮಸ್ಮರಣೆ ಮಾಡುತ್ತ ಹೊಳೆ ದಾಟಿದ್ದರು. ಮಧ್ಯಾಹ್ನ ಮರಳಿ ಬಂದಾಗ ಹೊರಸಿನ ಮೇಲೆ ಮುಸುಕು ಹಾಕಿದ್ದನ್ನು ಕಂಡು ಹತ್ತಿರ ಹೋದರು.

"ಯಾವಾಗ ಬಂದಿದ್ದಿ ತಂಗೀ?" ಎಂದು ಕೇಳಿದರು.

"ನಿಮಗಿಂತ ಮೊದಲ ಬಂದಿದ್ವಿರಿ ಅವ್ವಾ," ಎಂದರು ದುರಗವ್ವ. ಆ ಮಾತಿನಲ್ಲಿ ಸಿಟ್ಟಿರಲಿಲ್ಲ.

ತಾಯಿಯವರು ಮೂರು ದಿನ ಅನ್ನ ಮುಟ್ಟಲಿಲ್ಲ. "ಆಕಿ ಪಾಳಿಯೊಳಗ ನಾ ಕುಂತು ಹೋದೆ," ಎಂಬ ಒಂದೇ ಮಾತನ್ನು ಆಗಾಗ ಆಡುತ್ತಿದ್ದರಂತೆ. ಸರದಿಗೆ ನಮ್ಮ ಕಡೆ ಪಾಳಿ ಎನ್ನುತ್ತಾರೆ. ನಾಲ್ಕನೆಯ ದಿನ ಬೆಳಗ್ಗೆ ತಾವೇ ಕೇರಿಗೆ ಹೋಗಿ ದುರಗವ್ವನವರನ್ನು ಕರೆದುಕೊಂಡು ದಂಡೆಗೆ ಬಂದರು. ಅವರನ್ನು ಹರಿಗೋಲಿನ ಎದುರಿಗೇ ಕೂಡಿಸಿ, ಅವರ ಹಿಂದೆ ತಾವು ಕುಳಿತರು.

ಅಂಬಿಗ ಹುಲುಗಪ್ಪ ಎಂದಿನಂತೆ ಕರೆದನು. "ಬರ್ರಿ ಅವ್ವಾರ, ಹತ್ತರಿ."

"ನನ್ನ ಪಾಳಿ ಇನ್ನೂ ಬಂದಿಲ್ಲಪ್ಪ," ಎಂದರು ತಾಯಿಯವರು.

ಅವನಿಗೆ ಅರ್ಥವಾಯಿತು. ದುರಗವ್ವನವರ ಕಡೆ ನೋಡಿದನು, ಗುತ್ತಿಗೆದಾರನ ಕಡೆ ನೋಡಿದನು, ತಲೆ ತಗ್ಗಿಸಿ ಬೇರೆಯವರನ್ನು ಹತ್ತಿಸಿಕೊಂಡು ಹೋದನು. ತಾಯಿಯವರು ಸಂಜೆಯ ತನಕ ಕುಳಿತಿದ್ದು ಎದ್ದರು. ಮರುದಿನ ಮತ್ತೆ ಬಂದರು.

ಅವರು ಯಾರ ದಾರಿಯನ್ನೂ ತಡೆಯಲಿಲ್ಲ. ಹೋಗುವವರು ಹೋಗಬಹುದಿತ್ತು. ಆದರೆ ಹರಿಗೋಲಿಗೆ ಹೋಗಬೇಕಾದರೆ ಅವರಿಬ್ಬರ ಪಕ್ಕದಿಂದಲೇ ಹಾದು ಹೋಗಬೇಕು. ಮೊದಲ ದಿನಗಳಲ್ಲಿ ಜನ ಮಾತಾಡುತ್ತ ಹಾದುಹೋದರು. ಆಮೇಲೆ ಮಾತು ನಿಲ್ಲಿಸಿ ಹಾದುಹೋದರು. ಎರಡನೆಯ ವಾರದಲ್ಲಿ ಒಬ್ಬ ಕುಂಬಾರ ಗಡಿಗೆಗಳ ಬುಟ್ಟಿ ಹೊತ್ತು ಅಲ್ಲಿಯ ತನಕ ಬಂದವನು ಬುಟ್ಟಿ ಇಳಿಸಿ ತಾಯಿಯವರ ಹಿಂದೆ ಕುಳಿತುಬಿಟ್ಟನು. ಹೀಗೆ ಒಬ್ಬೊಬ್ಬರಾಗಿ ನಲವತ್ತರಷ್ಟು ಜನವಾದರು. ಕೇರಿಯ ಬಿಸಿರಕ್ತದ ಕೆಲವರು, ಹರಿಗೋಲನ್ನು ಹಿಡಿದು ಕಸಿದುಕೊಂಡೇ ಬಿಡೋಣ, ಕೇರಿಯಲ್ಲಿ ನಾವು ಎಪ್ಪತ್ತು ಜನ ಇದ್ದೇವೆ ಎಂದರು. ಅದಕ್ಕೆ ತಾಯಿಯವರು, "ಕಸಗೊಂಡ್ರ ಹರಗೋಲ ನಮ್ಮದಾಗತೈತಿ. ಪಾಳಿ ನಮ್ಮದಾಗೂದಿಲ್ಲ," ಎಂದರು. ಮತ್ತೆ ಆ ಮಾತನ್ನು ಯಾರೂ ಎತ್ತಲಿಲ್ಲ.

ಗುತ್ತಿಗೆದಾರ ಚನಮಲ್ಲಪ್ಪ ಮೇಲಿನವರಿಗೆ ಅರ್ಜಿ ಬರೆದನು. ಯಾವುದೋ ಪಕ್ಷದವರು ಮುದುಕಿಯನ್ನು ಮುಂದಿಟ್ಟುಕೊಂಡು ದಂಗೆ ಎಬ್ಬಿಸಲು ಹೊಂಚಿದ್ದಾರೆ ಎಂಬುದು ಅದರ ಸಾರಾಂಶ. ಯಲಗೂರದಪ್ಪ ಬಂದದ್ದು ಹಾಗೆ.

ಬಂದ ದಿನ ತಾಯಿಯವರು ಅವನನ್ನು ಒಂದು ಗಳಿಗೆ ನೋಡಿದರು. "ಕೌದಿ ಹೊಲಿಯಾಕ ಬರತೈತೇನಪ್ಪ?"

"ಇಲ್ಲರಿ ಅವ್ವಾ."

"ಬರಿಯಾಕ?"

"ಅಷ್ಟಿಷ್ಟು ಬರತೈತ್ರಿ."

"ಛಲೋ ಆತು. ದಂಡಿಗೆ ಯಾರು ಯಾರ ಹಿಂದ ಬಂದ್ರು ಅಂತ ಮುಂಜಾನೆ ಬರದು ಇಡು. ನನಗ ನೆನಪು ಉಳಿಯೂದಿಲ್ಲ."

ಯಲಗೂರದಪ್ಪನಿಗೆ ಒಳಗೊಳಗೇ ನಗು ಬಂತು. ತಾನು ಕದ್ದು ಸಂಗ್ರಹಿಸಬೇಕೆಂದಿದ್ದ ಹೆಸರುಗಳನ್ನು ಇವರು ತಾವಾಗಿಯೇ ಕೈಗೆ ಕೊಡುತ್ತಿದ್ದಾರೆ. ಮರುಗಳಿಗೆಗೆ ಅದೇ ಸಂಶಯವಾಗಿ ತಿರುಗಿತು. ಇಷ್ಟು ಸಲೀಸಾಗಿ ಕೊಡುತ್ತಾರೆಂದರೆ ನಿಜವಾದ ಹೆಸರುಗಳು ಬೇರೆಲ್ಲೋ ಇರಬೇಕು.

ಅಂದಿನಿಂದ ಅವನ ಕಣ್ಣು ಎಲ್ಲದರ ಮೇಲೂ ಬಿತ್ತು. ಗುಡಿಸಲಿಗೆ ಯಾರೋ ಒಂದು ಗಿಂಡಿ ಎಣ್ಣೆ ಇಟ್ಟು ಹೆಸರು ಹೇಳದೆ ಹೋದರೆ ಅದನ್ನು ಗುರುತು ಹಾಕಿಕೊಂಡನು. ತಾಯಿಯವರು ಹೊಲಿದಿಟ್ಟ ಕೌದಿಗಳ ಪದರಿನಲ್ಲಿ ಕಾಗದ ಅಡಗಿಸಿದ್ದಾರೋ ಎಂದು, ಯಾರೂ ಇಲ್ಲದ ಮಧ್ಯಾಹ್ನ ಒಂದೊಂದನ್ನೂ ಹಿಸುಕಿ ನೋಡಿದನು. ಸಂಜೆಯ ಭಜನೆಯಲ್ಲಿ ದೂರದ ಊರೊಂದರ ದೇವರ ಹೆಸರು ಬಂದರೆ, ಅದು ಆ ಊರಿಗೆ ಕಳಿಸುವ ಸಂಕೇತವಿರಬಹುದೆಂದು ಶಂಕಿಸಿದನು. ಎರಡು ದಿನಕ್ಕೊಮ್ಮೆ, ಹೊಟ್ಟೆನೋವಿಗೆ ಔಷಧಿ ತರುತ್ತೇನೆಂದು ಹೇಳಿ, ದಂಡೆಗುಂಟ ಎರಡು ಮೈಲಿ ನಡೆದು ಪೊಲೀಸ್ ಚೌಕಿಗೆ ಹೋಗಿ ಫೌಜದಾರರಿಗೆ ವರದಿ ಕೊಟ್ಟು ಬರುತ್ತಿದ್ದನು. ಬರೆಯಲು ಏನೂ ಸಿಗದಿದ್ದ ದಿನ, ಏನೂ ಸಿಗದಿರುವುದೇ ಸಂಶಯಾಸ್ಪದವಾಗಿದೆ ಎಂದು ಬರೆಯುತ್ತಿದ್ದನು.

ಅವನನ್ನು ಗೊಂದಲಗೊಳಿಸಿದ್ದು ಇನ್ನೊಂದು ಸಂಗತಿ. ತಾಯಿಯವರ ಬಳಿ ಗುಟ್ಟೆಂಬುದೇ ಇರಲಿಲ್ಲ. ನಾಳೆ ಏನು ಮಾಡುವುದೆಂಬುದನ್ನು ಅವರು ದಂಡೆಯ ಮೇಲೆ, ಗುತ್ತಿಗೆದಾರನ ಆಳುಗಳಿಗೂ ಕೇಳುವಂತೆ ಹೇಳುತ್ತಿದ್ದರು. ಒಮ್ಮೆ ಕುಳಿತವರಲ್ಲೊಬ್ಬನು ಅಂಬಿಗನಿಗೆ ಬೈದನು. ತಾಯಿಯವರು ಅವನನ್ನು ಅಂದು ಮನೆಗೆ ಕಳಿಸಿಬಿಟ್ಟರು. ಬೈಗುಳ ಮುಗಿದ ಮೇಲೆ ಬಾ ಎಂದರು. ಇಂಥ ದಂಗೆಯನ್ನು ಯಲಗೂರದಪ್ಪ ತನ್ನ ಸೇವೆಯಲ್ಲಿ ಕಂಡಿರಲಿಲ್ಲ.

ಆದರೆ ಸಂಶಯವೆಂಬುದು ಒಂದೇ ಕಡೆ ನಿಲ್ಲುವ ವಸ್ತುವಲ್ಲ. ಚೌಕಿಯಲ್ಲಿ ಕೊಟ್ಟ ವರದಿಯ ಮಾತುಗಳು ಹೇಗೋ ಚನಮಲ್ಲಪ್ಪನಿಗೆ ತಲುಪಿ, ಅವನ ಬಾಯಿಂದ ಹೊರಬಿದ್ದವು. ಗುಡಿಸಲಿನಲ್ಲಿ ಆಡಿದ ಮಾತು ಪೇಟೆಯಲ್ಲಿ ಕೇಳಿಬಂದಾಗ, ತಮ್ಮ ನಡುವೆ ಚಾಡಿಕೋರನೊಬ್ಬನಿದ್ದಾನೆಂದು ದಂಡೆಯ ಜನಕ್ಕೆ ಖಾತ್ರಿಯಾಯಿತು. ಅಕ್ಕಪಕ್ಕ ಕುಳಿತವರು ಪರಸ್ಪರ ಓರೆಗಣ್ಣಿನಿಂದ ನೋಡತೊಡಗಿದರು. ಕೊನೆಗೆ ಎಲ್ಲರ ಬೆರಳೂ ಹುಲುಗಪ್ಪನ ಕಡೆ ತಿರುಗಿತು. ಅವನು ಗುತ್ತಿಗೆದಾರನ ಹರಿಗೋಲು ನಡೆಸುವವನು. ಆದರೂ ಸಂಜೆ ಗುಡಿಸಲಿಗೆ ಬಂದು ಭಜನೆಯ ಹಿಂದಿನ ಸಾಲಿನಲ್ಲಿ ಕೂಡುತ್ತಿದ್ದನು. ಅವನಲ್ಲದೆ ಇನ್ನಾರು ಎಂದರು.

"ಹುಲುಗಪ್ಪ ಅಲ್ಲ," ಎಂದರು ತಾಯಿಯವರು.

"ಮತ್ತ ಯಾರ್ರಿ ಅವ್ವಾ?" ಎಂದು ಕುಂಬಾರ ಕೇಳಿದನು.

"ಅದು ಬ್ಯಾಡ. ಹುಲುಗಪ್ಪ ಅಲ್ಲ, ಅಷ್ಟ ಸಾಕು."

ತಾಯಿಯವರ ಮಾತಿಗೆ ಎಂದೂ ಎದುರಾಡದ ಜನಕ್ಕೂ ಅಂದು ಅದು ಸಾಕಾಗಲಿಲ್ಲ. ಹುಲುಗಪ್ಪ ಬಂದು ಕುಳಿತರೆ ಎದ್ದು ಬೇರೆ ಕಡೆ ಹೋದರು. ಅವನ ಹೆಂಡತಿ ಲಸಮವ್ವನ ಜೊತೆ ನೀರಿಗೆ ಹೋಗುವುದನ್ನು ಓಣಿಯ ಹೆಂಗಸರು ಬಿಟ್ಟರು. ಒಂದು ಬೆಳಗ್ಗೆ ಅವನ ಮೀನಿನ ಬಲೆ ಅಂಗಳದಲ್ಲಿ ಚೂರು ಚೂರಾಗಿ ಬಿದ್ದಿತ್ತು. ಯಾರು ಕೊಯ್ದರೆಂಬುದು ತಿಳಿಯಲಿಲ್ಲ. ತಾಯಿಯವರು ಆ ದಿನ ದಂಡೆಗೆ ಬರಲಿಲ್ಲ. ಹುಲುಗಪ್ಪನ ಅಂಗಳದಲ್ಲಿ ಕುಳಿತು, ಕೌದಿಯ ಸೂಜಿಯಿಂದಲೇ ಆ ಬಲೆಯನ್ನು ಒಂದೊಂದೇ ಗಂಟು ಹಾಕಿ ಕೂಡಿಸತೊಡಗಿದರು. ಅದಕ್ಕೆ ಎರಡು ದಿನ ಹಿಡಿಯಿತು. ನಲವತ್ತು ಜನ ದಂಡೆಯ ಮೇಲೆ ಅವರಿಲ್ಲದೆ ಕುಳಿತು, ಬಾಯಿ ಬಿಡದೆ ನಾಚಿಕೊಂಡರು. ಆದರೂ ಲಸಮವ್ವನ ಜೊತೆ ಯಾರೂ ನೀರಿಗೆ ಹೋಗಲಿಲ್ಲ.

ಯಲಗೂರದಪ್ಪ ಎಲ್ಲವನ್ನೂ ನೋಡಿದನು. ಅವನಿಗೆ ಇದು ಅನುಕೂಲವೇ ಆಗಿತ್ತು. ತನ್ನ ಮೇಲೆ ಬರಬೇಕಾದ ಸಂಶಯವನ್ನು ಇನ್ನೊಬ್ಬನು ಹೊತ್ತುಕೊಂಡಿದ್ದನು. ಆದರೂ ಆ ಎರಡು ದಿನ ಹುಲುಗಪ್ಪನ ಮನೆಯ ದಾರಿ ಹಿಡಿಯದೆ, ಹೊಲದ ಬದುವಿನ ಮೇಲೆ ಸುತ್ತಿ ದಂಡೆಗೆ ಹೋದನು.

ಕಾರ್ತಿಕದ ಮೊದಲ ಸಂತೆಯ ಹಿಂದಿನ ದಿನ ಅವನು ಚೌಕಿಗೆ ಹೋದಾಗ ಫೌಜದಾರರು ಬಾಗಿಲು ಮುಂದೆ ಮಾಡಿ ದನಿ ತಗ್ಗಿಸಿದರು.

"ನಿನ್ನ ವರದಿ ಓದಿ ಓದಿ ಸಾಕಾತು. ಅವರು ಏನೂ ಮಾಡವಲ್ರು, ಅದಕ್ಕ ನಮಗೂ ಏನೂ ಮಾಡಾಕ ಆಗವಲ್ದು. ನಾಳೆ ನಾ ಹನ್ನೆರಡು ಮಂದೀನ ಕರಕೊಂಡು ಬರತೀನಿ. ನೀ ಒಳಗಿನವ. ನಾ ಟೋಪಿ ತಗದು ಹಣಿ ಒರಿಸಿಕೊಂಡಾಗ ಆ ಗುಂಪಿನ್ಯಾಗಿಂದ ಒಂದು ಕಲ್ಲು ನಮ್ಮ ಕಡೆ ಬಂದ್ರ ಸಾಕು. ಉಳಿದದ್ದು ನಾವು ನೋಡಿಕೋತೀವಿ."

"ಸಾಹೇಬ್ರ, ಮುದುಕಿ ಮುಂದ ಕುಂತಿರತಾಳ್ರಿ. ಆಕಿ ಮ್ಯಾಲ ಲಾಠಿ ಬಿದ್ರ..."

"ಅದು ನಿನ್ನ ಕೆಲಸಲ್ಲ," ಎಂದರು ಫೌಜದಾರರು.

ದಂಡೆಗುಂಟ ಮರಳಿ ಬರುವಾಗ ಯಲಗೂರದಪ್ಪನ ಮನಸ್ಸಿನಲ್ಲಿ ಬೇರೊಂದು ಕಲ್ಲು ಬಂದು ಬಿತ್ತು. ಎಂಟು ವರ್ಷಗಳ ಹಿಂದೆ, ಪರಕೀಯರ ಆಳ್ವಿಕೆ ಇದ್ದಾಗ, ಒಂದು ಊರಿನಲ್ಲಿ ಮೆರವಣಿಗೆಯ ಕಾವಲಿಗೆ ಅವನನ್ನು ಹಾಕಿದ್ದರು. ಜನ ಸುಮ್ಮನೆ ನಡೆದು ಬರುತ್ತಿದ್ದರು. ಎಲ್ಲಿಂದಲೋ ಒಂದು ಕಲ್ಲು ಬಂದು ಅವನ ಪಕ್ಕದ ಶಿಪಾಯಿಯ ಹಣೆಗೆ ಬಡಿಯಿತು. ಆಗ ಅವನು ಲಾಠಿ ಬೀಸಿ ಒಬ್ಬ ಮುದುಕನ ತೋಳು ಮುರಿದಿದ್ದನು. ಮೂಳೆ ಮುರಿದ ಸದ್ದು ಅವನಿಗೆ ಕೇಳಿಸಿತ್ತು. ಕಲ್ಲು ಹೊಡೆದವರಿಗೆ ತಕ್ಕದ್ದೇ ಆಯಿತೆಂದು ಆ ಸಂಜೆ ನೆಮ್ಮದಿಯಿಂದ ಉಂಡಿದ್ದನು. ಎಂಟು ವರ್ಷ ಒಮ್ಮೆಯೂ ಅವನಿಗೆ ಆ ವಿಷಯದಲ್ಲಿ ಸಂಶಯ ಬಂದಿರಲಿಲ್ಲ. ಊರವರನ್ನೆಲ್ಲ ಸಂಶಯಿಸಿದ ಆ ಮನುಷ್ಯ ಈಗ ಮೊದಲ ಸಲ ತನ್ನನ್ನೇ ಕೇಳಿಕೊಂಡನು: ಆ ಕಲ್ಲು ಒಗೆದವರು ಯಾರು?

ದಂಡೆಯ ಮರಳಿನ ಮೇಲೆ ಬಹಳ ಹೊತ್ತು ಕುಳಿತನು. ಹೆಂಡತಿ ಮಕ್ಕಳು ನೆನಪಾದರು, ಇನ್ನೂ ಉಳಿದಿದ್ದ ಸೇವೆಯ ವರ್ಷಗಳು ನೆನಪಾದವು. ಏಳುವಾಗ ಮುಷ್ಟಿಗಾತ್ರದ ಒಂದು ಕಲ್ಲನ್ನು ಆರಿಸಿ ಜೋಳಿಗೆಗೆ ಹಾಕಿಕೊಂಡನು. ಒಗೆಯುತ್ತೇನೋ ಇಲ್ಲವೋ ಅವನಿಗೇ ತಿಳಿದಿರಲಿಲ್ಲ.

ಮರುದಿನ ಸಂತೆ. ಬೆಳಗಿನಿಂದಲೇ ದಂಡೆಯ ತುಂಬ ಜನ. ಮುಂದೆ ದುರಗವ್ವ, ಅವರ ಹಿಂದೆ ತಾಯಿಯವರು, ಅವರ ಹಿಂದೆ ನಲವತ್ತು ಐವತ್ತು ಜನರ ಪಾಳಿ. ಅದರ ಪಕ್ಕದಲ್ಲಿ, ಕುಳಿತವರನ್ನು ಹಾದುಹೋಗಲೂ ಮನಸ್ಸಾಗದೆ, ಪಾಳಿಗೆ ಸೇರಲೂ ಧೈರ್ಯವಿಲ್ಲದೆ ನಿಂತ ಸಂತೆಯ ವ್ಯಾಪಾರಿಗಳು. ಹುಲುಗಪ್ಪ ಖಾಲಿ ಹರಿಗೋಲಿನಲ್ಲಿ ಹುಟ್ಟು ಹಿಡಿದು ನಿಂತಿದ್ದನು. ಫೌಜದಾರರು ಹನ್ನೆರಡು ಶಿಪಾಯಿಗಳನ್ನು ಕರೆದುಕೊಂಡು ಬಂದು ದಿಬ್ಬದ ಮೇಲೆ ಸಾಲಾಗಿ ನಿಲ್ಲಿಸಿದರು. ಅವರ ಪಕ್ಕದಲ್ಲಿ ಚನಮಲ್ಲಪ್ಪ, ಅವನ ಆಳುಗಳು.

ಪಾಳಿಯ ಬಾಲದಲ್ಲಿ ನಿಂತಿದ್ದ ಯಲಗೂರದಪ್ಪ ಜೋಳಿಗೆಯೊಳಗೆ ಕೈ ಹಾಕಿದನು. ಫೌಜದಾರರು ಟೋಪಿ ತೆಗೆದು ಹಣೆ ಒರೆಸಿಕೊಂಡರು. ಅದೇ ಸನ್ನೆ.

ಆಗ ತಾಯಿಯವರು ಹಿಂದೆ ತಿರುಗಿ, ದಿನವೂ ಕರೆಯುವ ದನಿಯಲ್ಲಿಯೇ ಕರೆದರು. "ಯಲಗೂರದಪ್ಪಾ, ಹೆಸರು ಓದು."

ಅವನು ಎಡಗೈಯಿಂದ ಕಾಗದ ತೆಗೆದು ಓದಿದನು. ಬಲಗೈ ಜೋಳಿಗೆಯಲ್ಲಿಯೇ ಇತ್ತು. ದುರಗವ್ವ, ನಿಂಬೆವ್ವ ತಾಯಿಯವರು, ಕುಂಬಾರ, ಹೀಗೆ ಕೊನೆಯ ಹೆಸರಿನ ತನಕ ಓದಿ ನಿಲ್ಲಿಸಿದನು.

"ನಿನ್ನ ಹೆಸರು ಇಲ್ಲಲ್ಲ," ಎಂದರು ತಾಯಿಯವರು. "ಇಪ್ಪತ್ತು ದಿನ ಆತು, ಎಲ್ಲಾರ ಹೆಸರು ಬರೀತಿ. ನೀ ಯಾರ ಹಿಂದ ನಿಂತೀಯಪ್ಪ?"

ಅಷ್ಟೇ. ದನಿಯಲ್ಲಿ ಆಪಾದನೆಯಿರಲಿಲ್ಲ, ಒಗಟೂ ಇರಲಿಲ್ಲ. ಪಟ್ಟಿಯಲ್ಲಿ ಒಂದು ಹೆಸರು ಬಿಟ್ಟುಹೋಗಿದೆ, ಅದನ್ನು ಸೇರಿಸಬೇಕೆಂಬಂತೆ ಕೇಳಿದರು. ಯಲಗೂರದಪ್ಪ ತನ್ನ ಮುಂದೆ ಕುಳಿತವರನ್ನು ನೋಡಿದನು. ಅದು ಕೇರಿಯ ಒಬ್ಬ ಮುದುಕ. ಅವನ ತೆರೆದ ಬೆನ್ನು, ತೆಳ್ಳಗಿನ ತೋಳುಗಳು ಕಣ್ಣ ಮುಂದೆಯೇ ಇದ್ದವು. ಲಾಠಿ ಬಂದರೆ ಮೊದಲು ಬೀಳುವುದು ಅವುಗಳ ಮೇಲೆ.

ಅವನು ಜೋಳಿಗೆಯಿಂದ ಕೈ ಹೊರತೆಗೆದನು. ಕಲ್ಲನ್ನು ಎಲ್ಲರಿಗೂ ಕಾಣುವಂತೆ ಅಂಗೈಯಲ್ಲಿ ಹಿಡಿದು, ಆಮೇಲೆ ಕಾಲ ಬಳಿ ಇಟ್ಟನು. "ನಾ ಪೊಲೀಸ್ ಜಮಾದಾರ ಯಲಗೂರದಪ್ಪ," ಎಂದನು. "ಈ ಕಲ್ಲು ಇಲ್ಲಿಂದ ನಮ್ಮ ಪೊಲೀಸ್ ಮಂದಿ ಮ್ಯಾಲ ಒಗಿಯಾಕ ನನಗ ಹುಕುಂ ಆಗೇತಿ. ನಿಮ್ಮ ಮಾತು ಚೌಕಿಗೆ ಮುಟ್ಟಿಸಿದಾವನೂ ನಾನ. ಹುಲುಗಪ್ಪ ಅಲ್ಲ." ಹೀಗೆಂದು ಆ ಮುದುಕನ ಹಿಂದೆ ನೆಲದ ಮೇಲೆ ಕುಳಿತು, ಕಾಗದವನ್ನು ತೊಡೆಯ ಮೇಲಿಟ್ಟು ಕೊನೆಯಲ್ಲಿ ತನ್ನ ಹೆಸರು ಬರೆದನು.

ಫೌಜದಾರರ ಮುಖ ಕಪ್ಪಿಟ್ಟಿತು. ಅವನನ್ನು ಎಳೆದು ತನ್ನಿರೆಂದು ಕೂಗಿದರು. ಶಿಪಾಯಿಗಳು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅಷ್ಟರಲ್ಲಿ ಚನಮಲ್ಲಪ್ಪನ ಆಳುಗಳಲ್ಲೊಬ್ಬನು ತಾನೇ ಒಂದು ಕಲ್ಲು ಬೀಸಿದನು. ಅದು ಬಂದು ತಾಯಿಯವರ ಭುಜಕ್ಕೆ ತಾಗಿತು. ಪಾಳಿಯಲ್ಲಿದ್ದ ನಾಲ್ಕಾರು ಜನ ಎದ್ದರು.

"ಕುಂಡರ್ರಿ," ಎಂದರು ತಾಯಿಯವರು. ಸೆರಗಿನಿಂದ ಭುಜ ಒತ್ತಿ ಹಿಡಿದಿದ್ದರು. "ಎದ್ರ ಪಾಳಿ ಹೋಗತೈತಿ."

ಎದ್ದವರು ಕುಳಿತರು. ಒಬ್ಬನೇ ಒಬ್ಬನೂ ಕೈ ಎತ್ತಲಿಲ್ಲ. ಕಲ್ಲು ಎಲ್ಲಿಂದ ಬಂತೆಂಬುದನ್ನು ಶಿಪಾಯಿಗಳು ಕಣ್ಣಾರೆ ಕಂಡಿದ್ದರು. ಕುಳಿತವರ ಮೇಲೆ ಲಾಠಿ ಎತ್ತಲು ಅವರಲ್ಲಿ ಯಾರೂ ಮುಂದೆ ಬರಲಿಲ್ಲ.

ಆಗ ಹುಲುಗಪ್ಪ ಹರಿಗೋಲಿನಿಂದ ಇಳಿದನು. ಹುಟ್ಟನ್ನು ತಂದು ಚನಮಲ್ಲಪ್ಪನ ಕಾಲ ಮುಂದೆ ಇಟ್ಟನು. "ಧಣೇರ, ಪಾಳಿ ಪ್ರಕಾರ ಹತ್ತಿಸಿದ್ರ ನಡಸತೀನ್ರಿ. ಇಲ್ಲಂದ್ರ ಹುಟ್ಟು ಇಲ್ಲೇ ಐತಿ, ನೀವ ತಗೋರಿ."

ಚನಮಲ್ಲಪ್ಪನಿಗೆ ಹುಟ್ಟು ಹಾಕಲು ಬರುತ್ತಿರಲಿಲ್ಲ. ಅವನ ಆಳುಗಳಿಗೂ ಬರುತ್ತಿರಲಿಲ್ಲ. ಕಡೆಗೆ ಮೆಣಸಿನಕಾಯಿ ಚೀಲದ ಮೇಲೆ ಕುಳಿತಿದ್ದ ವ್ಯಾಪಾರಿಯೊಬ್ಬ, "ಪಾಳಿ ಪ್ರಕಾರನ ಹೋಗೂಣು ನಡೀರಿ. ಸಂತಿ ಮುಗೀತೈತಿ," ಎಂದನು. ಹೌದು ಹೌದು ಎಂದು ಹತ್ತಾರು ದನಿಗಳು ಕೂಡಿದವು. ಚನಮಲ್ಲಪ್ಪ ಮುಖ ಆಚೆ ತಿರುಗಿಸಿದನು. ಬೇಡ ಎಂಬ ಮಾತು ಅವನ ಬಾಯಿಂದ ಬರಲಿಲ್ಲ. ಫೌಜದಾರರು ಶಿಪಾಯಿಗಳನ್ನು ಕರೆದುಕೊಂಡು ದಿಬ್ಬ ಇಳಿದು ಹೋದರು. ಹುಲುಗಪ್ಪ ಹುಟ್ಟು ಎತ್ತಿಕೊಂಡು ನೀರಿಗಿಳಿದನು.

"ಮೊದಲಿನವರು ಯಾರ್ರಿ?"

ಕಾಗದ ನೋಡಿ ಯಲಗೂರದಪ್ಪ ಓದಿದನು. "ದುರಗವ್ವ."

ದುರಗವ್ವನವರು ಎದ್ದರು. ಒಂದು ಕಾಲು ನೀರಿನಲ್ಲಿಟ್ಟು ನಿಂತು, ಹೊರಸು ಇಳಿಸಿದ್ದ ಜಾಗದ ಕಡೆ ಸ್ವಲ್ಪ ಹೊತ್ತು ನೋಡಿದರು. ಯಾರೂ ಅವಸರ ಮಾಡಲಿಲ್ಲ. ಆಮೇಲೆ ಹತ್ತಿ ಕುಳಿತರು. ಅವರ ಹಿಂದೆ ತಾಯಿಯವರು ಹತ್ತಿದರು.

ಮುಂದಿನ ಸುತ್ತಿಗೆ ಹರಿಗೋಲು ಮರಳಿದಾಗ ತಾಯಿಯವರೂ ಅದರಲ್ಲಿ ಈಚೆಗೆ ಬಂದಿದ್ದರು. ಯಲಗೂರದಪ್ಪ ಓಡಿಹೋಗಿ ಅವರ ಪಾದದ ಮೇಲೆ ಬಿದ್ದು, ತಾನು ಯಾರೆಂಬುದು ಅವರಿಗೆ ಯಾವಾಗ ಗೊತ್ತಾಯಿತೆಂದು ಕೇಳಿದನು.

"ನಿನ್ನ ಹೊಟ್ಟಿನೋವು ಮೊದಲನೇ ದಿನ ಎಡಕ್ಕಿತ್ತು. ಮೂರನೇ ದಿನಕ್ಕ ಬಲಕ್ಕ ಬಂತು," ಎಂದರು ತಾಯಿಯವರು.

"ಗೊತ್ತಿದ್ರೂ ಯಾಕ ಹೇಳಲಿಲ್ಲರಿ ಅವ್ವಾ?"

"ಹೇಳಿದ್ರ ನಿನ್ನ ಬಡೀತಿದ್ರು. ಬಡದಿದ್ರ ನಮ್ಮ ಪಾಳಿ ಮುರೀತಿತ್ತು." ಅವರು ಹರಿಗೋಲಿನ ಕಡೆ ನೋಡಿದರು. "ಅದರ ಭಾರ ಹುಲುಗಪ್ಪನ ಮ್ಯಾಲ ಬಿತ್ತು. ಅದು ನನಗ ತಪ್ಪಸಾಕ ಆಗಲಿಲ್ಲ. ಹೊಳಿ ದಾಟೂದು ಆಮ್ಯಾಲ, ನೀ ಮೊದಲು ಅವನ ಮನಿಗೆ ಹೋಗು."

ಯಲಗೂರದಪ್ಪನವರ ನೌಕರಿ ಆ ವಾರವೇ ಹೋಯಿತು. ವಿಚಾರಣೆ ನಡೆದು ಎರಡು ತಿಂಗಳು ಸೆರೆಮನೆಯನ್ನೂ ಕಂಡರು. ಅಲ್ಲಿಂದ ಬಂದ ಮೇಲೆ ಹೆಂಡತಿ ಮಕ್ಕಳೊಡನೆ ಕಂಚಿನಾಳದಲ್ಲಿಯೇ ನೆಲೆಸಿ, ಮೂವತ್ತೊಂದು ವರ್ಷ ಕೂಲಿಯಿಂದ ಬದುಕಿದರು. ಹರಿಗೋಲಿನಲ್ಲಿ ಹಳೆಯ ರೂಢಿಯನ್ನು ಮರಳಿ ತರಲು ಎರಡು ಸಲ ಪ್ರಯತ್ನ ನಡೆಯಿತು. ಎರಡು ಸಲವೂ ದಂಡೆಯ ಮೇಲೆ ಮೊದಲು ಹೋಗಿ ಕುಳಿತವರು ಅವರೇ. ಇವೆಲ್ಲವನ್ನೂ ಅವರು ನನಗೆ ಎರಡು ಮಾತಿನಲ್ಲಿ ಹೇಳಿ ಮುಗಿಸಿದರು. ವಿವರವಾಗಿ ಹೇಳಿದ್ದು, ಹೇಳುತ್ತ ಕಣ್ಣು ಒರೆಸಿಕೊಂಡದ್ದು, ಹುಲುಗಪ್ಪನ ಮನೆಯ ಸಂಗತಿಯನ್ನು.

ತಾಯಿಯವರ ಅಪ್ಪಣೆಯಂತೆ ಅವರು ಅಂದೇ ಅಲ್ಲಿಗೆ ಹೋದರು. ಲಸಮವ್ವ ಬಾಗಿಲಲ್ಲಿ ನಿಂತು, ಮನೆಯವರು ಹೊಳೆಗೆ ಹೋಗಿದ್ದಾರೆಂದು ಹೇಳಿ ಒಳಗೆ ಹೋಗಿಬಿಟ್ಟರು. ಯಲಗೂರದಪ್ಪನವರು ಅಂಗಳದಲ್ಲಿ ಕುಳಿತರು. ಸಂಜೆ ಹುಲುಗಪ್ಪ ಬಂದು, ಅವರನ್ನು ಕಂಡೂ ಕಾಣದವನಂತೆ ಹಾದು ಒಳಗೆ ಹೋದನು. ಕತ್ತಲಾಗುವ ಮುಂಚೆ ಅವರು ಎದ್ದು ಹೋಗಿ ಮರುದಿನ ಬೆಳಗ್ಗೆ ಮತ್ತೆ ಬಂದು ಕುಳಿತರು. ಓಣಿಯಲ್ಲಿ ಹಾದುಹೋಗುವ ಒಬ್ಬೊಬ್ಬರನ್ನೂ ಕರೆದು, "ಚಾಡಿ ಹೇಳಿದಾವ ನಾನು. ಇವರಲ್ಲ," ಎಂದು ಹೇಳುತ್ತಿದ್ದರು. ನೀರಿನ ಕೊಡ ಹೊತ್ತ ಹೆಂಗಸರು ನಿಂತು ಕೇಳಿ, ಬಾಗಿಲ ಕಡೆ ಒಮ್ಮೆ ನೋಡಿ ಮುಂದೆ ಹೋದರು.

"ಏಳ್ರಿ ಇಲ್ಲಿಂದ," ಎಂದು ಲಸಮವ್ವ ಸಿಡುಕಿದರು. "ಓಣಿ ಮಂದಿ ನೋಡಾಕತ್ತಾರ."

"ನೋಡ್ಲಿ ಅಂತನ ಕುಂತೀನವ್ವಾ."

ಮೂರನೆಯ ದಿನ ಬೆಳಗ್ಗೆ ಪಕ್ಕದ ಮನೆಯ ಹೆಂಗಸು ಕೊಡ ಹಿಡಿದು ಬಂದು ಬಾಗಿಲ ಹೊರಗೆ ನಿಂತಳು. ಬಹಳ ಹೊತ್ತು ಹಾಗೆಯೇ ನಿಂತಿದ್ದು, "ಲಸಮವ್ವಾ, ನೀರಿಗೆ ಬರತೀಯೇನ?" ಎಂದು ಕರೆದಳು. ಸ್ವಲ್ಪ ಹೊತ್ತಿಗೆ ಲಸಮವ್ವ ಕೊಡ ತೆಗೆದುಕೊಂಡು ಹೊರಗೆ ಬಂದರು, ಯಾರ ಮುಖವನ್ನೂ ನೋಡದೆ ಅವಳ ಜೊತೆ ನಡೆದರು. ನೀರು ತಂದು ಇಳಿಸಿದ ಮೇಲೆ ಹೊಸ್ತಿಲಿಗೆ ಬಂದು ನಿಂತರು. ಅವರ ಕಣ್ಣುಗಳು ಕೆಂಪಾಗಿದ್ದವು.

"ಮೂರು ದಿನದಿಂದ ಏನ ಉಂಡೀರಿ?"

ಯಲಗೂರದಪ್ಪನವರು ಜೋಳಿಗೆಯಿಂದ ಒಣರೊಟ್ಟಿಯ ಚೂರು ತೆಗೆದು ತೋರಿಸಿದರು.

"ಅಂಗಳದಾಗ ಬ್ಯಾಡ," ಎಂದರು ಲಸಮವ್ವ. "ಒಳಗ ಬಂದು ಉಣ್ರಿ. ನಮ್ಮ ಮನಿಯವರೂ ಕುಂತಾರ."